ನಿಂತ ನೀರಿನ ಎಡದಂಡೆ

ಆ ದಿನದ ರಗಳೆಗೆಲ್ಲ ಮೂಲ ಅಂಗೈ ಅಗಲದ ಒಂದು ಚೀಟಿ. ಬಸಿಗಾಲುವೆ ಕಚೇರಿಯ ಸಾಹೇಬರು ಬೆಳಿಗ್ಗೆ ಎಂಟೂವರೆಗೆ ಒಂದು ಕಾಲನ್ನು ಜೀಪಿನ ಒಳಗೆ, ಇನ್ನೊಂದನ್ನು ನೆಲದ ಮೇಲೆ ಇಟ್ಟುಕೊಂಡೇ ಅದನ್ನು ಗೀಚಿ, ನಂಬರಣ್ಣನ ಕೈಗೆ ತುರುಕಿ, ಕೇಂದ್ರ ಕಚೇರಿಯ ಮೀಟಿಂಗಿಗೆ ಹೊರಟುಹೋದರು. ಅದರಲ್ಲಿ ಇದ್ದದ್ದು ಇಷ್ಟೇ: ‘ಏಳನೇ ಬಸಿಗಾಲುವೆ. ಎಡದಂಡೆ. ಅಂಚಿನಿಂದ ಆರು ಅಡಿಯೊಳಗೆ ಕಟ್ಟಿರುವುದಕ್ಕೆಲ್ಲ ಕೆಂಪು ಗುರುತು. ಸಂಜೆ ಐದರೊಳಗೆ ಮುಗಿಯಬೇಕು. ನಾಳೆ ಒಡೆಯಲು ಯಂತ್ರ ಬರುತ್ತದೆ.’

ನಂಬರಣ್ಣ ಅದನ್ನು ಎರಡನೇ ಸಲ ಓದಿ ತಲೆ ಎತ್ತುವಷ್ಟರಲ್ಲಿ ಜೀಪು ತಿರುವು ದಾಟಿತ್ತು.

ಅವನಿಗೆ ಆ ಹೆಸರು ಬಂದದ್ದು ಕೆಲಸದಿಂದ. ಹನ್ನೆರಡು ವರ್ಷದಿಂದ ಮೋರಿಗಳ ಮೇಲೆ, ತೂಬುಗಳ ಮೇಲೆ, ಗಡಿಕಲ್ಲುಗಳ ಮೇಲೆ ಬಣ್ಣದಲ್ಲಿ ನಂಬರು ಬರೆಯುವುದೇ ಅವನ ಉದ್ಯೋಗ. ಅವನು ಬರೆದ ಎಂಟು ನಿಜವಾಗಿ ಎಂಟಿನ ಹಾಗೆ ಕಾಣುತ್ತಿತ್ತು, ಮಳೆ ಬಿದ್ದರೂ ಮೂರಾಗುತ್ತಿರಲಿಲ್ಲ. ಆದರೆ ಬರೆದದ್ದು ಯಾಕೆ ಅಂತ ಅವನು ಒಂದು ದಿನವೂ ಕೇಳಿದವನಲ್ಲ. ಕೇಳಿದರೆ ಇನ್ನೊಂದು ಕೆಲಸ ಹಚ್ಚುತ್ತಾರೆ ಎಂಬುದು ಅವನ ಹೆದರಿಕೆ.

ಈ ಸಲ ಮಾತ್ರ ಕೇಳಲೇಬೇಕಾಯಿತು. ಏಳನೇ ಬಸಿಗಾಲುವೆ ಎಂದರೆ ಅವನ ಮನೆಯ ಹಿತ್ತಲಿನ ಚರಂಡಿ. ಕಚೇರಿಯವರು ಅದನ್ನು ಬಸಿಗಾಲುವೆ ಅನ್ನುತ್ತಿದ್ದರು, ಪಕ್ಕದಲ್ಲಿ ಸಂಸಾರ ಮಾಡುವವರು ಚರಂಡಿ ಅನ್ನುತ್ತಿದ್ದರು. ವಾಸನೆ ಎರಡಕ್ಕೂ ಒಂದೇ. ಅದರ ಒಂದು ಮಗ್ಗುಲಿಗೆ ಬೇಕರಿ ಸಾಲಿನ ಹತ್ತೊಂಬತ್ತು ಮನೆ, ಇನ್ನೊಂದು ಮಗ್ಗುಲಿಗೆ ಶಾಲೆ ಸಾಲಿನ ಹತ್ತೊಂಬತ್ತು ಮನೆ. ಶಾಲೆ ಸಾಲಿನ ಕೊನೆಯ ಮನೆ ನಂಬರಣ್ಣನದು.

ಆ ಮನೆಯ ಹಿಂದೆ, ಚರಂಡಿಗೆ ಬೆನ್ನು ಮಾಡಿ, ಒಂದು ಕೋಣೆ ನಿಂತಿತ್ತು. ಮೂರು ವರ್ಷದ ಕೆಳಗೆ ಭಾನುವಾರ ಭಾನುವಾರ ಗಾರೆ ಕಲಸಿ ನಂಬರಣ್ಣ ತಾನೇ ಕಟ್ಟಿದ್ದು. ಅದಕ್ಕೆ ಮೊದಲು ಮನೆಯಲ್ಲಿ ಇದ್ದದ್ದು ಎರಡೇ ಜಾಗ. ಮುಂದಿನದರಲ್ಲಿ ಅವನ ತಾಯಿ ಮತ್ತು ತಾಯಿಯ ರೇಡಿಯೋ. ಒಳಗಿನದರಲ್ಲಿ ಹೆಂಡತಿ ಮತ್ತು ಹೆಂಡತಿಯ ಹೊಲಿಗೆ ಮೆಷಿನ್ನು. ಅವನ ಮಂಚ ಎಂಟು ವರ್ಷ ಬೀದಿ ಕಡೆಯ ಜಗಲಿಯ ಮೇಲಿತ್ತು. ಹೆಂಡತಿ ಹತ್ತಿರ ಒಂದು ಮಾತು ಆಡಬೇಕಾದರೂ ಅದು ತಾಯಿಗೆ, ರೇಡಿಯೋಗೆ, ಬೀದಿಗೆ, ಮೂವರಿಗೂ ಕೇಳುತ್ತಿತ್ತು. ಹಿಂದಿನ ಕೋಣೆ ಎದ್ದ ಮೇಲೆ ಮೆಷಿನ್ನು ಅಲ್ಲಿಗೆ ಹೋಯಿತು, ಮಂಚವೂ ಅಲ್ಲಿಗೆ ಹೋಯಿತು. ಆ ಕೋಣೆಗೆ ಬಾಗಿಲಿತ್ತು. ಬಾಗಿಲಿಗೆ ಚಿಲಕವಿತ್ತು. ಚಿಲಕ ಹಾಕಿಕೊಂಡು ಗಂಡ ಹೆಂಡತಿ ಎರಡು ಮಾತು ಆಡಬಹುದಾಗಿತ್ತು. ನಂಬರಣ್ಣನಿಗೆ ಲೋಕದಲ್ಲಿ ಇದ್ದ ಆಸ್ತಿ ಅಂದರೆ ಆ ಚಿಲಕ.

ಕೋಣೆಗೂ ಚರಂಡಿಯ ಅಂಚಿಗೂ ನಡುವೆ ಇದ್ದದ್ದು ನಾಲ್ಕು ಅಡಿ.

ಅವನು ಹೆಡ್ ಕ್ಲಾರ್ಕ್ ಮೇಡಂ ಮೇಜಿನ ಮುಂದೆ ಹೋಗಿ ನಿಂತ. ಮೇಡಂ ಆ ಕಚೇರಿಗೆ ಗೋಡೆಗಳಿಗಿಂತ ಹಳಬರು.

“ಮೇಡಂ, ಎಡದಂಡೆ ಅಂದ್ರೆ ಯಾವ ಕಡೆ?”

ಮೇಡಂ ಕನ್ನಡಕ ತೆಗೆದರು. “ಹನ್ನೆರಡು ವರ್ಷ ಆಯ್ತಲ್ಲಪ್ಪ ನೀನು ಇಲ್ಲಿಗೆ ಬಂದು?”

“ನಾನು ನಂಬರು ಬರೆಯೋನು ಮೇಡಂ. ನಂಬರಿಗೆ ಎಡ ಬಲ ಇರಲಿಲ್ಲ.”

“ಸರಿ, ಕೇಳು. ಇಲಾಖೆಯ ಎಡ ಬಲ ನಿನ್ನ ಮನೆ ಎಡ ಬಲ ಅಲ್ಲ. ನೀರು ಎತ್ತ ಹರಿಯುತ್ತೋ ಅತ್ತ ಮುಖ ಮಾಡಿ ನಿಂತ್ಕೋಬೇಕು. ಆಗ ನಿನ್ನ ಎಡಗೈ ಕಡೆ ಇರೋದು ಎಡದಂಡೆ, ಬಲಗೈ ಕಡೆ ಇರೋದು ಬಲದಂಡೆ. ನೀನು ದಂಡೆ ಬದಲಾಯಿಸಿದ್ರೂ ಅಷ್ಟೇ, ತಲೆಕೆಳಗಾಗಿ ನಿಂತ್ರೂ ಅಷ್ಟೇ. ನೀರಿನ ಎಡ ನೀರಿಂದು.”

“ಅಷ್ಟೇನಾ?”

“ಅಷ್ಟೇ. ಒಂದನೇ ಕ್ಲಾಸಿನ ಮಗು ಮಾಡುತ್ತೆ. ಹೋಗು.”

ನಂಬರಣ್ಣ ಕೆಂಪು ಬಣ್ಣದ ಡಬ್ಬಿ, ಎರಡು ಬ್ರಷ್ಷು, ಟೇಪು ಹಿಡಿದು ಹೊರಟ. ಎರಡು ಸಾಲುಗಳ ನಡುವೆ ಚರಂಡಿಗೆ ಒಂದು ಕಾಲುಸೇತುವೆ ಇತ್ತು. ಅದರ ಮಧ್ಯಕ್ಕೆ ಹೋಗಿ ನಿಂತು, ಮೇಡಂ ಹೇಳಿದಂತೆ ನೀರು ಎತ್ತ ಹರಿಯುತ್ತದೆ ಎಂದು ಕೆಳಗೆ ನೋಡಿದ.

ನೀರು ಹರಿಯುತ್ತಿರಲಿಲ್ಲ.

ಒಂದು ತುದಿಗೆ ಗಿರಣಿ, ಇನ್ನೊಂದು ತುದಿಗೆ ಬಸ್ ನಿಲ್ದಾಣ. ನಡುವೆ ಹಸಿರು ಪಾಚಿ ಹೊದ್ದುಕೊಂಡು ಚರಂಡಿ ಊಟ ಮಾಡಿ ಮಲಗಿದ ಮಾವನ ಹಾಗೆ ಬಿದ್ದಿತ್ತು. ಒಂದು ಗುಳ್ಳೆ ಎದ್ದಿತು, ಒಡೆಯಿತು. ಅಷ್ಟೇ ಚಟುವಟಿಕೆ.

ನಂಬರಣ್ಣ ಗಿರಣಿ ಕಡೆಗೆ ಮುಖ ಮಾಡಿದ. ಎಡಗೈ ಚಾಚಿದ. ಬೆರಳು ನೇರ ಅವನ ಕೋಣೆಯನ್ನೇ ತೋರಿಸಿತು. ಎದೆ ಧಸಕ್ ಎಂದಿತು. ಕೂಡಲೇ ಸುತ್ತು ತಿರುಗಿ ಬಸ್ ನಿಲ್ದಾಣದ ಕಡೆ ಮುಖ ಮಾಡಿದ. ಈಗ ಎಡಗೈ ಬೇಕರಿ ಸಾಲನ್ನು ತೋರಿಸಿತು. ಹೋದ ಜೀವ ಬಂದಂತಾಯಿತು. ಆದರೆ ಅವನು ತಿರುಗಿದರೆ ಸಾಕೆ, ನೀರು ತಿರುಗಬೇಡವೆ? ಮತ್ತೊಮ್ಮೆ ಗಿರಣಿ ಕಡೆ ತಿರುಗಿದ. ಮತ್ತೆ ಎದೆ ಧಸಕ್ ಎಂದಿತು. ಮತ್ತೆ ಈಚೆಗೆ ತಿರುಗಿದ.

“ಏಯ್ ನಂಬರು! ಯಾರು ನಿನಗೆ ಡ್ರಿಲ್ ಕೊಡ್ತಿರೋದು?”

ಬೇಕರಿ ಸಾಲಿನ ಡ್ರಿಲ್ ಮಾಸ್ತರು. ನಿವೃತ್ತಿಯಾಗಿ ಆರು ವರ್ಷವಾದರೂ ಕೊರಳಲ್ಲಿ ಸೀಟಿ ತೂಗುತ್ತಿತ್ತು. ಮೂವತ್ತು ವರ್ಷ ಮಕ್ಕಳನ್ನು ಎಡಕ್ಕೆ ಬಲಕ್ಕೆ ತಿರುಗಿಸಿದವರ ಮುಂದೆ ಎಡ ಬಲ ತಿಳಿಯದೆ ಸಿಕ್ಕಿಬಿದ್ದದ್ದು ನಂಬರಣ್ಣನ ಗ್ರಹಚಾರ. ಸುಳ್ಳು ಹೇಳಲು ಬಾಯಿ ತೆರೆದ, ಬಂದದ್ದು ನಿಜ. ಚೀಟಿ, ಆರು ಅಡಿ, ಎಡದಂಡೆ, ನಾಳೆ ಯಂತ್ರ, ಎಲ್ಲವನ್ನೂ ಒದರಿಬಿಟ್ಟ.

ಡ್ರಿಲ್ ಮಾಸ್ತರ ಮುಖ ಬಿಗಿಯಿತು. ಬೇಕರಿ ಸಾಲಿನವರ ಬಚ್ಚಲು, ಒಲೆ, ಕಟ್ಟಿಗೆ ಮನೆ ಎಲ್ಲ ಚರಂಡಿಯ ಅಂಚಿಗೇ ಒರಗಿಕೊಂಡಿದ್ದವು. ಮಾಸ್ತರು ತಮ್ಮ ಬಚ್ಚಲಿಗೆ ಹೋದ ತಿಂಗಳಷ್ಟೇ ನೀಲಿ ಟೈಲ್ಸು ಹಾಕಿಸಿ, ಬೀದಿಯವರನ್ನೆಲ್ಲ ಕರೆದು ತೋರಿಸಿದ್ದರು.

“ನೀರು ಗಿರಣಿ ಕಡೆ ಹರಿಯುತ್ತೆ” ಎಂದರು ಮಾಸ್ತರು. “ಎಡದಂಡೆ ನಿಮ್ಮದು. ಬರ್ಕೋ.”

“ನೀವು ಹರಿದದ್ದು ನೋಡಿದ್ದೀರಾ ಸಾರ್?”

“ನೋಡೋದೇನು? ಹುಟ್ಟಿದಾಗಿಂದ ಇಲ್ಲೇ ಇದ್ದೀನಿ, ಗೊತ್ತಾಗಲ್ವಾ?” ಎಂದು ಮಾಸ್ತರು ಸೀಟಿ ಊದಿದರು.

ಸೀಟಿಗೆ ಬೇಕರಿ ಸಾಲು ಹೊರಗೆ ಬಂತು. ಬೇಕರಿ ಸಾಲು ಬಂದದ್ದನ್ನು ನೋಡಿ ಶಾಲೆ ಸಾಲೂ ಬಂತು. ಶಾಲೆ ಸಾಲಿಗೆ ಮುಂದಾಳು ಇಸ್ತ್ರಿಯಕ್ಕ. ಇದ್ದಿಲ ಇಸ್ತ್ರಿಪೆಟ್ಟಿಗೆ ಇಟ್ಟ ತಳ್ಳುಗಾಡಿಯನ್ನು ಚರಂಡಿ ದಂಡೆಯ ನೆರಳಿನಲ್ಲಿ ನಿಲ್ಲಿಸಿಕೊಂಡು, ಬಟ್ಟೆಯ ಜೊತೆಗೆ ಊರವರ ಸುದ್ದಿಯನ್ನೂ ಮಡಿಕೆ ಹಾಕಿ ಕೊಡುವುದು ಅವಳ ಕಸುಬು.

“ಏನಣ್ಣ, ನಮ್ಮ ಸಾಲು ಒಡೀತಾರಂತೆ? ನೀನೇ ಬಣ್ಣ ಬಳೀತೀಯಂತೆ? ನಿನಗೆ ಕೈಯಾದ್ರೂ ಹೇಗೆ ಬಂತಣ್ಣ?”

“ನಾನು ಇನ್ನೂ ಡಬ್ಬಿ ಮುಚ್ಚಳ ತೆಗೆದಿಲ್ಲ ಕಣಕ್ಕ. ನೀರು ಎತ್ತ ಹರಿಯುತ್ತೆ ಅಂತ ಗೊತ್ತಾಗ್ಬೇಕು, ಅಷ್ಟೆ.”

“ಬಸ್ ನಿಲ್ದಾಣದ ಕಡೆಗೆ! ಇದೂ ಒಂದು ಪ್ರಶ್ನೆನಾ?”

“ಗಿರಣಿ ಕಡೆಗೆ!” ಎಂದಿತು ಆಚೆ ದಂಡೆ.

ಅಲ್ಲಿಂದ ಪರೀಕ್ಷೆಗಳು ಶುರುವಾದವು. ಮಾಸ್ತರು ಒಣ ಎಲೆಯೊಂದನ್ನು ಬಿಟ್ಟರು. ಅದು ಮೆಲ್ಲಗೆ ಗಿರಣಿ ಕಡೆ ಹೊರಟಿತು. ಬೇಕರಿ ಸಾಲು ಚಪ್ಪಾಳೆ ಹೊಡೆಯಿತು. ಅಷ್ಟರಲ್ಲಿ ಗಾಳಿ ಬದಲಾಗಿ, ಎಲೆ ಏನೋ ಮರೆತುಬಂದವರ ಹಾಗೆ ವಾಪಸು ಹೊರಟಿತು. ಈಗ ಶಾಲೆ ಸಾಲಿನ ಚಪ್ಪಾಳೆ. ಮುಂದೆ ಒಂದು ಹವಾಯಿ ಚಪ್ಪಲಿ ತೇಲಿತು, ಒಂದು ಡಬ್ಬಿಯ ಮುಚ್ಚಳ ತೇಲಿತು. ಎರಡೂ ಗಾಳಿಯ ಮಾತನ್ನೇ ಕೇಳಿದವು.

“ಗಾಳಿಗೆ ಸಿಗೋ ವಸ್ತು ಆಗಲ್ಲ” ಎಂದ ನಂಬರಣ್ಣ. ಕಚೇರಿಯವರು ಹೊಳೆಯ ವೇಗ ಅಳೆಯುವುದನ್ನು ಒಂದು ಸಲ ದೂರದಿಂದ ನೋಡಿದ್ದ. “ಬಾಟಲಿಗೆ ಮುಕ್ಕಾಲು ನೀರು ತುಂಬಿ ಬಿರಡೆ ಹಾಕಿ ಬಿಡ್ಬೇಕು. ಕತ್ತು ಮಾತ್ರ ಮೇಲೆ ಇರುತ್ತೆ. ಅದು ಎತ್ತ ಹೋಗುತ್ತೋ ನೀರೂ ಅತ್ತ.”

ಬಾಟಲಿ ಬಂತು. ಎರಡೂ ಸಾಲಿನವರ ಎದುರಿಗೆ ನೀರು ತುಂಬಿ, ಬಿರಡೆ ಬಿಗಿದು, ಸೇತುವೆಯ ಮೇಲಿಂದ ದಾರದಲ್ಲಿ ಇಳಿಬಿಟ್ಟು ದಾರ ಬಿಚ್ಚಿದರು. ಬಾಟಲಿ ಕತ್ತು ಎತ್ತಿಕೊಂಡು ಇದ್ದಲ್ಲೇ ನಿಂತಿತು. ಹತ್ತು ನಿಮಿಷವಾಯಿತು, ಅರ್ಧ ಗಂಟೆಯಾಯಿತು. ಸಾಲುಗಟ್ಟಿ ಕೂತವರು ಮನೆಯಿಂದ ಚಹಾ ತರಿಸಿಕೊಂಡು ಕುಡಿದರು. ಬಾಟಲಿ ಬಡ್ತಿಗೆ ಕಾಯುವ ನೌಕರನ ಹಾಗೆ ಕದಲದೆ ನಿಂತೇ ಇತ್ತು.

ಹೆಂಡತಿ ಹಿತ್ತಲಿನಿಂದ ಸೇತುವೆಗೆ ಬಂದಳು. ಕೊರಳಲ್ಲಿ ಅಳತೆ ಟೇಪು, ತುಟಿಗಳ ನಡುವೆ ಎರಡು ಗುಂಡುಸೂಜಿ. ಅವಳು ಜಾಸ್ತಿ ಮಾತಾಡುವವಳಲ್ಲ. ಬಾಯಲ್ಲಿ ಸೂಜಿ ಇರುವಾಗ ಆಡಿದ ಮಾತಿಗೆ ಮಾತ್ರ ಮೊನೆ ಇರುತ್ತಿತ್ತು.

“ರೀ, ಕೋಣೆ ಹೋಗುತ್ತಾ?”

“ಗೊತ್ತಿಲ್ಲ ಕಣೆ. ಬಾಟಲಿ ಹೇಳ್ಬೇಕು.”

ಅವಳು ಬಾಟಲಿಯನ್ನು ನೋಡಿದಳು. ಗಂಡನನ್ನು ನೋಡಿದಳು. “ಇಬ್ರೂ ಒಂದೇ ಥರ ನಿಂತಿದ್ದೀರಿ” ಎಂದು ಒಳಗೆ ಹೋದಳು.

ಹನ್ನೊಂದೂವರೆ ಹೊತ್ತಿಗೆ ಬಾಟಲಿ ಅಲುಗಾಡಿತು. ನಂಬರಣ್ಣ ಎದ್ದು ನಿಂತ. ಬಾಟಲಿ ನಿಧಾನವಾಗಿ, ಆದರೆ ಸಂಶಯಕ್ಕೆ ಎಡೆಯಿಲ್ಲದೆ, ಗಿರಣಿ ಕಡೆಗೆ ಹೊರಟಿತು. ಮಾಸ್ತರು ಮೀಸೆ ಸವರಿಕೊಂಡು, “ಬಳಿ ಬಣ್ಣ!” ಎಂದರು.

ಇಸ್ತ್ರಿಯಕ್ಕ ಮಾತ್ರ ಬಾಟಲಿಯನ್ನು ನೋಡುತ್ತಿರಲಿಲ್ಲ. ಎದುರು ಸಾಲಿನ ತಲೆ ಎಣಿಸುತ್ತಿದ್ದಳು. “ಅಣ್ಣ, ಬೇಕರಿಯವನೂ ಅವನ ತಮ್ಮನೂ ಎಲ್ಲಿ?” ಎಂದವಳೇ ಬಸ್ ನಿಲ್ದಾಣದ ಕಡೆಗೆ ಓಡಿದಳು. ಅರೆಗಳಿಗೆಯಲ್ಲಿ ಅಲ್ಲಿಂದ ಕೂಗು ಕೇಳಿಸಿತು: “ಬಕೆಟ್ಟಲ್ಲಿ ನೀರು ಸುರೀತಿದ್ದಾರೆ ಕಣ್ರೋ! ನಲ್ಲಿ ತಿರುಗಿಸ್ಕೊಂಡು ಸುರೀತಿದ್ದಾರೆ!”

ಚರಂಡಿಯ ಆ ತುದಿಯಲ್ಲಿ ನೀರು ಹೊಯ್ದರೆ ಈ ತುದಿಗೆ ಹರಿಯುವುದು ಸಹಜ. ಶಾಲೆ ಸಾಲಿನವರು ಅದನ್ನು ವಾದ ಮಾಡಿ ಬಗೆಹರಿಸಲು ಹೋಗಲಿಲ್ಲ. ತಾವೂ ಬಕೆಟ್ಟು, ಕೊಡ, ಹಂಡೆ ತೆಗೆದುಕೊಂಡು ಗಿರಣಿ ತುದಿಗೆ ಹೋದರು. ಅಲ್ಲಿಂದ ಸುರಿದರೆ ನೀರು ಬಸ್ ನಿಲ್ದಾಣದ ಕಡೆಗೆ ಹರಿಯಬೇಕು, ಎಡದಂಡೆ ಬೇಕರಿ ಸಾಲಾಗಬೇಕು. ಹತ್ತಿರದ ನಲ್ಲಿಗಳಲ್ಲಿ ಪಾತ್ರೆ ತೊಳೆಯಲೂ ನೀರು ಉಳಿಯಲಿಲ್ಲ. ಮಾಸ್ತರು ಸೀಟಿ ಊದಿ ಊದಿ ಬಕೆಟ್ಟುಗಳಿಗೆ ಲಯ ಕೊಟ್ಟರು: “ಒಂದ್... ಎರಡ್! ಒಂದ್... ಎರಡ್!” ನಂಬರಣ್ಣನ ತಾಯಿ ಕೂಡ ರೇಡಿಯೋ ಆರಿಸಿ ಒಂದು ತಂಬಿಗೆ ನೀರು ಹಿಡಿದು ಬಂದರು.

“ನೀನ್ಯಾಕಮ್ಮ ಬಂದೆ?”

“ಆ ಕೋಣೆ ಹೋದ್ರೆ ಮೆಷಿನ್ನು ಮತ್ತೆ ನನ್ನ ಕಿವಿ ಪಕ್ಕ ಬರುತ್ತಲ್ಲೋ! ಸರಿ ಅತ್ಲಾಗೆ.”

ಎರಡೂ ತುದಿಯಿಂದ ಸುರಿದ ನೀರು ಹೋಗುವುದಾದರೂ ಎಲ್ಲಿಗೆ? ಅದು ಮೇಲಕ್ಕೆ ಬಂತು. ಚರಂಡಿ ಪಾಚಿಯ ಸಮೇತ ಉಬ್ಬಿ, ದಂಡೆಯ ಅಂಚು ನೆಕ್ಕಿ, ಮೊದಲು ಬೇಕರಿ ಸಾಲಿನ ಬಚ್ಚಲುಗಳಿಗೆ ನುಗ್ಗಿತು. ಆಮೇಲೆ ಶಾಲೆ ಸಾಲಿನ ಹಿತ್ತಲಿಗೆ ಬಂದು, ಒಣಹಾಕಿದ ಬಟ್ಟೆಗಳ ತುದಿ ಮುಟ್ಟಿ, ಕೋಳಿಗೂಡಿನೊಳಗೆ ಹಣಕಿತು. ನಡುವೆ ಸೇತುವೆಯ ಕೆಳಗೆ ಬಾಟಲಿ ಅತ್ತಲೂ ಹೋಗದೆ ಇತ್ತಲೂ ಹೋಗದೆ ಬುಗುರಿಯಂತೆ ಗಿರಗಿರ ಸುತ್ತುತ್ತಿತ್ತು.

“ನಿಲ್ಸ್ರೋ! ಎಲ್ಲರೂ ನಿಲ್ಸಿ!” ಎಂದು ನಂಬರಣ್ಣ ಕೂಗುತ್ತ ದಂಡೆಗೆ ಇಳಿದ. ನೆನೆದ ಮಣ್ಣು ಅವನ ತೂಕ ತಡೆಯಲಿಲ್ಲ. ಕಾಲು ಜಾರಿತು. ಬಣ್ಣದ ಡಬ್ಬಿಯ ಜೊತೆಗೆ, ಟೇಪಿನ ಜೊತೆಗೆ, ಇಲಾಖೆಯ ಗೌರವದ ಜೊತೆಗೆ ಅವನು ಚರಂಡಿಯೊಳಗೆ ಸೊಂಟದವರೆಗೆ ಇಳಿದ. ಮುಚ್ಚಳ ಹಾರಿತು. ಕೆಂಪು ಬಣ್ಣ ನೀರಿನ ಮೇಲೆ ಹರಡಿತು.

ಎಲ್ಲರೂ ಬಕೆಟ್ಟು ಕೆಳಗಿಟ್ಟು ಉಸಿರು ಬಿಗಿಹಿಡಿದರು. ಅವನನ್ನು ಎತ್ತಲು ಅಲ್ಲ, ಬಣ್ಣ ಎತ್ತ ಹೋಗುತ್ತದೆ ಎಂದು ನೋಡಲು. ಬಣ್ಣ ಗಿರಣಿ ಕಡೆಗೆ ಒಂದು ಗಜ ಹೋಯಿತು. ಬಸ್ ನಿಲ್ದಾಣದ ಕಡೆಗೂ ಒಂದು ಗಜ ಹೋಯಿತು. ನಡುವೆ ನಂಬರಣ್ಣ. ಆ ಕೆಂಪು ನೀರಿನಲ್ಲಿ ಅವನನ್ನು ನೋಡಿದ ಗಿರಣಿಯವರು ಕೊಲೆಯಾಯಿತೆಂದೇ ತಿಳಿದು ಬಾಗಿಲು ಹಾಕಿಕೊಂಡರು.

ಬಣ್ಣವೆಲ್ಲ ಚರಂಡಿ ಪಾಲಾದ ಮೇಲೆ ಬೇರೆ ಡಬ್ಬಿ ತರಲು ಕಚೇರಿಗೆ ಹೋಗಲೇಬೇಕಾಯಿತು. ನಂಬರಣ್ಣ ನಡೆದ ದಾರಿಯುದ್ದಕ್ಕೂ ಕೆಂಪು ಹೆಜ್ಜೆ ಮೂಡಿದವು. ಒಳಗೆ ಕಾಲಿಟ್ಟೊಡನೆ ಹೆಡ್ ಕ್ಲಾರ್ಕ್ ಮೇಡಂ ಮೂಗಿಗೆ ಸೆರಗು ಒತ್ತಿಕೊಂಡರು.

“ಅಲ್ಲೇ ನಿಲ್ಲು! ಕುರ್ಚಿ ಮುಟ್ಟಬೇಡ! ಏನಿದು?”

ಅವನು ಹೇಳಿದ. ಮೇಡಂ ಕೇಳಿದರು. ನಗು ತಡೆಯಲು ಒಂದು ಕಡತವನ್ನು ಮುಖಕ್ಕೆ ಅಡ್ಡ ಹಿಡಿದರು.

“ಅಲ್ಲಪ್ಪ, ನೀರು ಹರೀದಿದ್ರೆ ನಕ್ಷೆ ನೋಡ್ಬೇಕು. ಕಚೇರಿ ಇರೋದು ಯಾಕೆ? ಪ್ರತಿ ಬಸಿಗಾಲುವೆಗೂ ಬಾಣ ಹಾಕಿರ್ತಾರೆ, ನೀರು ಯಾವ ದಿಕ್ಕಿಗೆ ಅಂತ.”

ಹಳೆಯ ಬಟ್ಟೆ ನಕ್ಷೆಯೊಂದು ಕಪಾಟಿನಿಂದ ಇಳಿಯಿತು. ಧೂಳು ಹಾರಿತು. ಮೇಡಂ ಬೆರಳು ಏಳನೇ ಬಸಿಗಾಲುವೆಯ ಮೇಲೆ ಜಾರಿ ಒಂದು ಕಡೆ ನಿಂತಿತು. ಅಲ್ಲಿ ಇರುವೆ ಗಾತ್ರದ ಒಂದು ಬಾಣವಿತ್ತು. ನಂಬರಣ್ಣ ಬಾಗಿ ನೋಡಿದ. ಬಾಣದ ಮೂತಿ ಬಸ್ ನಿಲ್ದಾಣದ ಕಡೆಗಿತ್ತು.

“ಅಂದ್ರೆ... ಎಡದಂಡೆ ಬೇಕರಿ ಸಾಲು?”

“ಬೇಕರಿ ಸಾಲೋ ಹಲ್ಲಿನ ಸಾಲೋ ನನಗೇನು ಗೊತ್ತು? ಬಾಣದ ಕಡೆ ಮುಖ ಮಾಡು, ಎಡಗಡೆ ನೋಡು.”

ಅವನು ಕಚೇರಿಯ ನಡುಮಧ್ಯೆ ನಿಂತು, ಬಾಣದ ಕಡೆ ಮುಖ ಮಾಡಿ, ಕೆಂಪು ಮೆತ್ತಿದ ಎಡಗೈಯನ್ನು ಚಾಚಿದ. ಬೇಕರಿ ಸಾಲು. ಮತ್ತೊಮ್ಮೆ ಮಾಡಿದ. ಬೇಕರಿ ಸಾಲೇ. ಮೇಡಂ ನಕ್ಷೆಯ ಆ ಭಾಗವನ್ನು ಒಂದು ಹಾಳೆಗೆ ಇಳಿಸಿ, ಮೊಹರು ಒತ್ತಿ ಕೊಟ್ಟರು. ಹೊಸ ಡಬ್ಬಿಯನ್ನೂ ಕೊಟ್ಟರು. ನಂಬರಣ್ಣ ವಾಪಸು ಹೋದದ್ದು ನಡೆದುಕೊಂಡಲ್ಲ, ನೆಲ ಅವನಿಗೆ ತಾಗುತ್ತಲೇ ಇರಲಿಲ್ಲ.

ಮೊಹರಿನ ಮುಂದೆ ಮಾತು ನಡೆಯಲಿಲ್ಲ. ಡ್ರಿಲ್ ಮಾಸ್ತರು ಹಾಳೆಯನ್ನು ಬೆಳಕಿಗೆ ಹಿಡಿದು ನೋಡಿದರು, ತಿರುಗಿಸಿ ನೋಡಿದರು. ಕೊನೆಗೆ ಎದೆ ಸೆಟೆಸಿ ತಮ್ಮ ಬಚ್ಚಲ ಗೋಡೆಯ ಪಕ್ಕ ನಿಂತರು.

“ಆಜ್ಞೆ ಅಂದ್ರೆ ಆಜ್ಞೆ. ಬಳಿ. ಆದ್ರೆ ಗೆರೆ ನೆಟ್ಟಗಿರಬೇಕು ನಂಬರು. ಸೊಟ್ಟ ಗೆರೆ ನನ್ನ ಗೋಡೆ ಮೇಲೆ ಬೇಡ.”

ನಂಬರಣ್ಣನಿಗೆ ಒಂದು ಗಳಿಗೆ ಪಾಪ ಅನ್ನಿಸಿತು. ಆದರೆ ಆ ಗಳಿಗೆ ದಾಟಿತು. ನೆಟ್ಟಗಿನ ಗೆರೆಯನ್ನೇ ಎಳೆದ. ಒಂದು, ಎರಡು, ಮೂರು ಎಂದು ಬಚ್ಚಲು, ಒಲೆ, ಕಟ್ಟಿಗೆ ಮನೆಗಳ ಮೇಲೆ ಹತ್ತೊಂಬತ್ತರವರೆಗೂ ನಂಬರು ಹಾಕುತ್ತ ಹೋದ. ಬೇಕರಿ ಸಾಲಿನ ಬೈಗುಳ ಬೆನ್ನಿಗೆ ಬೀಳುತ್ತಿತ್ತು. ಎದುರು ದಂಡೆಯಿಂದ ಶಾಲೆ ಸಾಲಿನ ಹೊಗಳಿಕೆ ಕಿವಿಗೆ ಬೀಳುತ್ತಿತ್ತು. “ನಮ್ಮ ನಂಬರಣ್ಣ ಇಲ್ದಿದ್ರೆ ನಮ್ಮ ಗತಿ?” ಎಂದು ಇಸ್ತ್ರಿಯಕ್ಕ ಎಲ್ಲರಿಗೂ ಕೇಳುವಂತೆ ಹೇಳಿದಳು. ಹೆಂಡತಿ ಕೋಣೆಯ ಕಿಟಕಿಯಿಂದ ನೋಡುತ್ತಿದ್ದಳು. ಬಾಯಲ್ಲಿ ಸೂಜಿ ಇರಲಿಲ್ಲ. ನಕ್ಕಳೋ ಇಲ್ಲವೋ ದೂರಕ್ಕೆ ಸರಿಯಾಗಿ ಕಾಣಲಿಲ್ಲ, ನಕ್ಕಿರಬೇಕು ಎಂದುಕೊಂಡ.

ಐದಕ್ಕೆ ಹತ್ತು ನಿಮಿಷ ಇರುವಾಗ ಜೀಪು ಬಂತು. ಸಾಹೇಬರು ಕಂಕುಳಲ್ಲಿ ಒಂದು ಹೊಸ ನಕ್ಷೆಯ ಸುರುಳಿ ಇಟ್ಟುಕೊಂಡು ಸೇತುವೆ ಹತ್ತಿದರು. ಬೇಕರಿ ಸಾಲಿನ ಹತ್ತೊಂಬತ್ತು ಕೆಂಪು ಗುರುತುಗಳ ಮೇಲೆ ಕಣ್ಣು ಹಾಯಿಸಿದರು.

“ಇದೇನಯ್ಯಾ ಇದು?”

“ಎಡದಂಡೆ ಸಾರ್” ಎಂದ ನಂಬರಣ್ಣ ಹೆಮ್ಮೆಯಿಂದ. “ನಕ್ಷೆ ನೋಡೇ ಮಾಡಿದ್ದು. ಬಾಣ ಬಸ್ ನಿಲ್ದಾಣದ ಕಡೆಗಿದೆ ಸಾರ್. ಮೊಹರೂ ಇದೆ.”

ಸಾಹೇಬರು ಹಣೆ ಚಚ್ಚಿಕೊಂಡರು. “ಆ ಬಾಣದ ಕಡೆ ನೀರು ಹೋಗೋ ಹಾಗಿದ್ರೆ ನಾವು ಯಾಕಯ್ಯಾ ಬರ್ತಿದ್ವಿ? ಬಸ್ ನಿಲ್ದಾಣಕ್ಕೆ ಮಣ್ಣು ತುಂಬ್ಸಿ ಆ ಬಾಯಿ ಮುಚ್ಚಿ ಎಷ್ಟು ವರ್ಷ ಆಯ್ತು! ಅದಕ್ಕೇ ನೀರು ನಿಂತಿರೋದು. ಈಗ ತಳ ಅಗೆದು, ಇಳಿಜಾರು ತಿರುಗಿಸಿ, ಗಿರಣಿ ಕಡೆ ಬಿಡ್ತೀವಿ. ಇವತ್ತಿನ ಮೀಟಿಂಗಲ್ಲಿ ಸಹಿ ಆಗಿದ್ದೇ ಅದು.”

“ಆದ್ರೆ ಸಾರ್, ಎಡದಂಡೆ...”

“ಎಡದಂಡೆ ಅಂದ್ರೆ ನೀರು ಹಿಂದೆ ಎತ್ತ ಹರೀತಿತ್ತು ಅಂತಲ್ಲ, ಬಾಟಲಿ ಎತ್ತ ಹೋಯ್ತು ಅಂತಲೂ ಅಲ್ಲ. ಕಾಲುವೆ ಎತ್ತ ಹರೀಬೇಕು ಅಂತ ಕಟ್ತೀವೋ ಆ ದಿಕ್ಕಿಗೆ ಎಡ. ಗಿರಣಿ ಕಡೆ ಮುಖ ಮಾಡು.”

ನಂಬರಣ್ಣ ಮುಖ ಮಾಡಿದ. ಎಡಗೈ ಚಾಚುವ ಅಗತ್ಯ ಬೀಳಲಿಲ್ಲ.

ಬೇಕರಿ ಸಾಲಿನಿಂದ ಸೀಟಿ ಮೊಳಗಿತು. “ಹಿಂದೆ... ತಿರುಗ್!” ಎಂದು ಡ್ರಿಲ್ ಮಾಸ್ತರು ಆರು ವರ್ಷದಿಂದ ಎದೆಯಲ್ಲಿ ಕೂಡಿಟ್ಟಿದ್ದ ದನಿಯನ್ನೆಲ್ಲ ಒಟ್ಟುಗೂಡಿಸಿ ಕೂಗಿದರು. ಹತ್ತೊಂಬತ್ತು ಮನೆಯ ಜನ ನಕ್ಕ ನಗೆಗೆ ಪಾಚಿ ಕೂಡ ನಡುಗಿತು.

ಶಾಲೆ ಸಾಲು ನಂಬರಣ್ಣನನ್ನು ಮುತ್ತಿಕೊಂಡಿತು. “ಬೆಳಿಗ್ಗೆಯಿಂದ ನಿನ್ನ ನಂಬ್ಕೊಂಡು ನೀರು ಹೊತ್ವಲ್ಲಣ್ಣ!” ಎಂದು ಇಸ್ತ್ರಿಯಕ್ಕ ಸೊಂಟ ಹಿಡಿದುಕೊಂಡಳು. ನಂಬರಣ್ಣನಿಗೆ ಉಳಿದಿದ್ದದ್ದು ಒಂದೇ ಬಡ ಸಮಾಧಾನ: ಹೋಗುವುದಾದರೆ ಇಡೀ ಸಾಲು ಒಟ್ಟಿಗೆ ಹೋಗುತ್ತದೆ. ಎಲ್ಲರಿಗೂ ಬಂದದ್ದು ತನಗೂ ಬಂತು ಎಂದು ಹೆಂಡತಿಗೆ ಹೇಳಬಹುದು.

ಸಾಹೇಬರು ಟೇಪಿನ ಒಂದು ತುದಿಯನ್ನು ಅವನ ಕೈಗೆ ಕೊಟ್ಟರು. “ನಡಿ. ಆರು ಅಡಿ ನೋಡ್ಕೊಂಡು ಬರೋಣ.”

“ಸಾರ್, ನನ್ನ ಗಾಡಿಗೂ ಬಣ್ಣ ಬಳೀತೀರಾ?” ಎಂದಳು ಇಸ್ತ್ರಿಯಕ್ಕ.

“ಚಕ್ರ ಇರೋದಕ್ಕೆ ಯಾಕಮ್ಮ ಬಣ್ಣ? ತಳ್ಕೊಂಡು ಹೋಗಿ. ಕಟ್ಟಿರೋದು ಮಾತ್ರ. ಪಾಯ ಇರಬೇಕು.”

ಇಸ್ತ್ರಿಯಕ್ಕನ ಕಣ್ಣು ಅರಳಿತು. “ಹಾಗಂತ ಮೊದಲೇ ಹೇಳೋದಲ್ವಾ!” ಎಂದು ಗಾಡಿಯ ಚಕ್ರಕ್ಕೆ ಕೊಟ್ಟಿದ್ದ ಕಲ್ಲನ್ನು ಕಾಲಲ್ಲಿ ಒದ್ದು, ತಳ್ಳಿಕೊಂಡು ಬೀದಿ ಕಡೆಗೆ ಹೊರಟಳು. ಅದನ್ನು ನೋಡಿ ಪಕ್ಕದವರು ಬಟ್ಟೆ ಹಗ್ಗ ಬಿಚ್ಚಿದರು. ಅವರ ಪಕ್ಕದವರು ಕೋಳಿಗೂಡನ್ನು ಕೋಳಿಗಳ ಸಮೇತ ಎತ್ತಿದರು. ಸೌದೆ ಹೊರೆ ಹೋಯಿತು, ಒಗೆಯುವ ಕಲ್ಲು ಉರುಳಿತು, ಹೂವಿನ ಡಬ್ಬಿಗಳು ಕೈಯಿಂದ ಕೈಗೆ ದಾಟಿದವು. ಹತ್ತೇ ನಿಮಿಷ. ದಂಡೆ ಗುಡಿಸಿ ಇಟ್ಟ ಅಂಗಳದ ಹಾಗೆ ಬಯಲಾಯಿತು.

ಟೇಪು ಒಂದನೇ ಮನೆಯಿಂದ ಹೊರಟಿತು. ಗೋಡೆ ಎಂಟು ಅಡಿ ಆಚೆ. ಎರಡನೇ ಮನೆ, ಎಂಟು. ಮೂರನೆಯದು ಎಂಟೂವರೆ. ಶಾಲೆ ಸಾಲಿನ ಹಳಬರು ಕಾಲುವೆಗೆ ಬಿಡಬೇಕಾದ ಜಾಗವನ್ನು ಬಿಟ್ಟೇ ಮನೆ ಕಟ್ಟಿದ್ದರು. ಸಾಹೇಬರು ತಲೆದೂಗಿದರು. “ಭೇಷ್, ಭೇಷ್. ಎದುರು ಸಾಲಿನವರು ನಿಮ್ಮನ್ನ ನೋಡಿ ಕಲೀಬೇಕು.” ಒಂದೊಂದು ಮನೆ ದಾಟಿದ ಹಾಗೂ ಒಂದೊಂದು ಕುಟುಂಬ ನಿಟ್ಟುಸಿರು ಬಿಟ್ಟು ಒಳಗೆ ಹೋಗಿ ದೀಪ ಹಾಕಿತು. ನಂಬರಣ್ಣ ಟೇಪು ಹಿಡಿದು ಹಿಂದೆ ಹಿಂದೆ ನಡೆಯುತ್ತಿದ್ದ. ಹದಿನೈದು. ಹದಿನಾರು. ಹದಿನೇಳು. ಹದಿನೆಂಟು.

ಹತ್ತೊಂಬತ್ತನೆಯದರಲ್ಲಿ ಟೇಪು ನಾಲ್ಕು ಅಡಿಗೇ ಗೋಡೆಗೆ ಬಡಿಯಿತು.

“ಯಾರಯ್ಯಾ ಈ ಬುದ್ಧಿವಂತ?” ಎಂದರು ಸಾಹೇಬರು. “ಹದಿನೆಂಟು ಮನೆಯವರಿಗೆ ತಿಳಿದದ್ದು ಇವನೊಬ್ಬನಿಗೆ ತಿಳೀಲಿಲ್ವಾ? ಕಾಲುವೆ ಪಕ್ಕ ಜಾಗ ಬಿಡ್ಬೇಕು ಅಂತ ಗೊತ್ತಿಲ್ದೋನು ಯಾವ ಕಾಡಿಂದ ಬಂದಿದ್ದಾನೆ? ಕರಿ ಅವನನ್ನ.”

ನಂಬರಣ್ಣ ಟೇಪಿನ ತುದಿಯನ್ನು ಬಿಡಲಿಲ್ಲ. “ಬಂದಿದ್ದಾನೆ ಸಾರ್.”

ಸಾಹೇಬರು ಅವನನ್ನು ನೋಡಿದರು, ಕೋಣೆಯನ್ನು ನೋಡಿದರು, ಮತ್ತೆ ಅವನನ್ನು ನೋಡಿದರು. ಡಬ್ಬಿಯ ಕಡೆಗೆ ಕೈ ತೋರಿಸಿದರು. ನಂಬರಣ್ಣ ಬ್ರಷ್ಷು ಅದ್ದಿ, ತಾನೇ ಗಾರೆ ಮೆತ್ತಿ ನುಣುಪು ಮಾಡಿದ್ದ ಗೋಡೆಯ ಮೇಲೆ ಗುರುತು ಎಳೆದ. ಪಕ್ಕದಲ್ಲಿ ನಂಬರು ಹಾಕಿದ: ಒಂದು. ಕಿಟಕಿಯ ಒಳಗೆ ಹೊಲಿಗೆ ಮೆಷಿನ್ನಿನ ಸದ್ದು ನಿಂತಿತು.

“ಒಟ್ಟು ಒಂದು” ಎಂದು ಸಾಹೇಬರು ಪುಸ್ತಕದಲ್ಲಿ ಬರೆದುಕೊಂಡರು. “ಒಂದು ಗುರುತು ಹಾಕೋಕೆ ಬೆಳಿಗ್ಗೆಯಿಂದ ಸಂಜೆವರೆಗೆ ಬೇಕಾಯ್ತೇನಯ್ಯಾ ನಿನಗೆ? ಹೋಗ್ಲಿ, ಎದುರು ಸಾಲಿಂದು ಅಳಿಸಿ ಮನೆಗೆ ಹೋಗು. ಬಲದಂಡೆ ಮುಟ್ಟೋ ಹಾಗಿಲ್ಲ ನಾವು.”

ಸೀಮೆಎಣ್ಣೆ ಬಟ್ಟೆಯಲ್ಲಿ ಹತ್ತೊಂಬತ್ತು ಮನೆಯ ಗೋಡೆಗಳನ್ನು ಉಜ್ಜಿ ಮುಗಿಸುವ ಹೊತ್ತಿಗೆ ಬೀದಿದೀಪಗಳು ಹೊತ್ತಿದ್ದವು. ಮಾಸ್ತರು ಕೊನೆಯವರೆಗೂ ಜೊತೆಗೇ ನಿಂತು, “ಅಲ್ಲಿ ಸ್ವಲ್ಪ ಉಳಿದಿದೆ, ಇಲ್ಲಿ ಸ್ವಲ್ಪ” ಎಂದು ತೋರಿಸಿ ಉಪಕಾರ ಮಾಡಿದರು.

ನಂಬರಣ್ಣ ಮನೆ ಸೇರಿದಾಗ ಮೆಷಿನ್ನು ಒಳಗಿನ ಕೋಣೆಗೆ ಬಂದಾಗಿತ್ತು. ರೇಡಿಯೋ ಅದರೊಡನೆ ಜಗಳಕ್ಕೆ ನಿಂತ ಹಾಗೆ ಜೋರಾಗಿ ಕೂಗುತ್ತಿತ್ತು. ಮಂಚ ಜಗಲಿಯ ಮೇಲಿತ್ತು; ಹಾಸಿಗೆಯನ್ನೂ ಹಾಸಲಾಗಿತ್ತು. ಅವನು ಅದರ ಅಂಚಿಗೆ ಕೂತ. ಸ್ವಲ್ಪ ಹೊತ್ತಿನ ಮೇಲೆ ಹೆಂಡತಿ ಹೊರಗೆ ಬಂದು ಪಕ್ಕದಲ್ಲಿ ಕೂತಳು.

ಅವಳು ಬೈಯಲಿಲ್ಲ. ಅವನ ಕೈ ತೆಗೆದುಕೊಂಡು ಉಗುರಿನ ಸಂದಿಯ ಕೆಂಪು ಬಣ್ಣವನ್ನು ನೋಡಿದಳು. ಆಮೇಲೆ ಅವನ ಕಿವಿಯ ಹತ್ತಿರ ಬಾಗಿ, ಮೂರು ವರ್ಷದಿಂದ ಚಿಲಕದ ಈಚೆ ಎಂದೂ ಆಡದಿದ್ದ ದನಿಯಲ್ಲಿ, ಏನೋ ಪಿಸುಗುಟ್ಟಲು ಶುರುಮಾಡಿದಳು.

ಜಗಲಿಯ ಎದುರಿಗೆ, ಬೀದಿದೀಪದ ಕೆಳಗೆ, ದಂಡೆಯಿಂದ ಬಂದು ಹೊಸದಾಗಿ ಬೀಡುಬಿಟ್ಟಿದ್ದ ತಳ್ಳುಗಾಡಿಯ ಹಿಂದಿನಿಂದ ಇಸ್ತ್ರಿಯಕ್ಕ ಕತ್ತು ಉದ್ದ ಮಾಡಿದಳು.

“ಸ್ವಲ್ಪ ಗಟ್ಟಿಯಾಗಿ ಹೇಳಿ ಅತ್ತಿಗೆ, ಇಲ್ಲಿಗೆ ಸರಿಯಾಗಿ ಕೇಳಿಸ್ತಿಲ್ಲ.”